ಒಂದ್ ಮಾತು ಕೇಳ್ಬೇಕಿತ್ತು

ಪೇಪರ್ ಬಂದರೆ ಅಪ್ಪ ನೇರ ಒಳಪುಟಕ್ಕೆ ಹೋಗುತ್ತಾರೆ. ಮೂಲೆಯಲ್ಲಿ ಜಲಾಶಯಗಳ ಮಟ್ಟ ಹಾಕುವ ಒಂದು ಚಿಕ್ಕ ಚೌಕ ಇರುತ್ತದಲ್ಲ, ಅಲ್ಲಿಗೆ. ಕೆಆರ್‌ಎಸ್ ಗರಿಷ್ಠ ಮಟ್ಟ 124.80 ಅಡಿ, ಇಂದಿನ ಮಟ್ಟ ಇಷ್ಟು, ಒಳಹರಿವು ಇಷ್ಟು, ಹೊರಹರಿವು ಇಷ್ಟು. ಕನ್ನಡಕ ಹಣೆಗೇರಿಸಿ, ಕಣ್ಣು ಕಿರಿದು ಮಾಡಿ ಓದಿ "ಮುಕ್ಕಾಲು ಅಡಿ ಬಂದೈತೆ" ಅನ್ನುತ್ತಾರೆ. ಇಲ್ಲವೇ ಏನೂ ಅನ್ನದೆ ಪೇಪರ್ ಮಡಚಿಡುತ್ತಾರೆ. ಏನೂ ಅನ್ನದ ದಿನ ಅಮ್ಮ ಎರಡನೇ ಲೋಟ ಕಾಫಿಯನ್ನು ಕೇಳುವ ಮುಂಚೆಯೇ ತಂದಿಡುತ್ತಾಳೆ. ಈಗ ಈ ಲೆಕ್ಕವೆಲ್ಲ ಬೆಳಗಾಗುವಷ್ಟರಲ್ಲಿ ವಾಟ್ಸಾಪಿಗೇ ಬಂದು ಬಿದ್ದಿರುತ್ತದೆ. ಆದರೂ ಅಚ್ಚಿನಲ್ಲಿ ನೋಡುವವರೆಗೆ ಅಪ್ಪನಿಗೆ ಸಮಾಧಾನವಿಲ್ಲ.

ನಮ್ಮದು ಮಂಡ್ಯ ತಾಲ್ಲೂಕಿನ ಕೆಆರ್‌ಎಸ್ ಕಟ್ಟೆಯಿಂದ ಬರುವ ವಿ.ಸಿ. (ವಿಶ್ವೇಶ್ವರಯ್ಯ) ನಾಲೆ ಬಯಲಿನ ಊರು. ನಾಲೆಗೆ ಮೊದಲಿದ್ದ ಹೆಸರು ಇರ್ವಿನ್ ನಾಲೆ. ಹುಲಿಕೆರೆಯ ಸುರಂಗ ದಾಟಿ ಈ ಕಡೆ ನೀರು ಬರುವ ಮುಂಚೆ ಇದು ರಾಗಿ, ಹುರುಳಿಯ ನೆಲ. ತಾತ ಹೇಳುತ್ತಿದ್ದರು, ಅವರು ಹುಡುಗರಾಗಿದ್ದಾಗ ಅನ್ನ ಅಂದರೆ ಹಬ್ಬ, ಇಲ್ಲವೇ ಜ್ವರ ಬಂದವರಿಗೆ ಗಂಜಿ. ನೀರು ಬಂದ ಮೇಲೆ ಭತ್ತ ಬಂತು, ಕಬ್ಬು ಬಂತು, ಆಲೆಮನೆ ಬಂತು, ಮಕ್ಕಳು ಶಾಲೆಗೆ ಹೋದರು. ನಾನು ಇದನ್ನು ಬರೆಯುವಷ್ಟು ಓದಿದ್ದೂ ಆ ನಾಲೆಯಿಂದಲೇ. ಹಾಗಾಗಿ ಕಾವೇರಿ ವಿಷಯದಲ್ಲಿ ನಾನು ಪಕ್ಷಾತೀತವಾಗಿ ಮಾತಾಡುತ್ತೇನೆ ಎಂದು ಹೇಳಿಕೊಳ್ಳಲಾರೆ. ನನ್ನ ಹೊಟ್ಟೆ ಒಂದು ದಡದ್ದು. ಆದರೆ ಜಗಳ ಅಂದರೇನು, ಅದು ಹೇಗೆ ಬೆಳೆಯುತ್ತದೆ, ಹೇಗೆ ತಣಿಯುತ್ತದೆ ಎಂದು ನನಗೆ ಮೊದಲು ತಿಳಿದದ್ದು ಎರಡು ರಾಜ್ಯಗಳ ನಡುವೆ ಅಲ್ಲ, ನಮ್ಮ ಗದ್ದೆಯ ಬದುವಿನ ಮೇಲೆ.

1995ರ ಮಾತು. ಮಳೆ ಕೈಕೊಟ್ಟ ವರ್ಷ. ನಾನು ಏಳನೇ ಕ್ಲಾಸು. ನಾಲೆಯಲ್ಲಿ ಕಟ್ಟು ಪದ್ಧತಿಯಲ್ಲಿ ನೀರು ಬಿಡುತ್ತಿದ್ದರು: ಇಷ್ಟು ದಿನ ಹರಿಸುವುದು, ಇಷ್ಟು ದಿನ ನಿಲ್ಲಿಸುವುದು. ಬಿಟ್ಟ ದಿನಗಳಲ್ಲಿ ತೂಬಿನ ಹತ್ತಿರದವರು ಮೊದಲು ನೀರು ಕಟ್ಟಿಕೊಳ್ಳುತ್ತಿದ್ದರು. ನಮ್ಮ ಗದ್ದೆ ಮೇಲಿನದು. ಅದೇ ಕಾಲುವೆಯ ಕೊನೆಯಲ್ಲಿ ಒಬ್ಬರ ಗದ್ದೆ. ಸಂಬಂಧದಲ್ಲಿ ಏನೂ ಅಲ್ಲ, ಆದರೂ ಊರಿನ ವಾಡಿಕೆಯಂತೆ ನಾನು ಅವರನ್ನು ಮಾವ ಅನ್ನುತ್ತಿದ್ದೆ. ಅವರ ಮಗಳು ನನ್ನ ಕ್ಲಾಸಿನವಳು, ಒಂದೇ ಬೆಂಚು.

ಭತ್ತ ಹೊಡೆಗೆ ಬಂದಿತ್ತು. ಆ ಹೊತ್ತಿನಲ್ಲಿ ನೀರು ತಪ್ಪಿದರೆ ತೆನೆ ಜೊಳ್ಳು. ಒಂದು ರಾತ್ರಿ ಎರಡು ಗಂಟೆಗೆ ದೊಡ್ಡಪ್ಪ ಲಾಟೀನು ಹಿಡಿದು, ಸನಿಕೆ ಹೆಗಲಿಗೇರಿಸಿ ಗದ್ದೆಗೆ ಹೋದರೆ ನಮ್ಮ ಮಡೆಗೆ ಹುಲ್ಲು, ಕೆಸರು ತುಂಬಿ ಮುಚ್ಚಿತ್ತು. ನೀರು ಕೆಳಕ್ಕೆ ಹರಿಯುತ್ತಿತ್ತು. ಕತ್ತಲಲ್ಲಿ ನೀರು ಯಾವ ಕಡೆ ಹೋಗುತ್ತಿದೆ ಎಂದು ಸದ್ದಿನಲ್ಲೇ ಗೊತ್ತಾಗುತ್ತದೆ. ಮಾವ ಬದುವಿನ ಮೇಲೆ ಕೂತು ಬೀಡಿ ಸೇದುತ್ತಿದ್ದರಂತೆ. ಮೊದಲು ಮಾತು, ಆಮೇಲೆ ಕೈ, ಆಮೇಲೆ ಸನಿಕೆಯ ಕಾವು ಯಾರದೋ ಹೆಗಲಿಗೆ ಬಿತ್ತು. ಯಾರು ಮೊದಲು ಎತ್ತಿದ್ದು ಎಂಬುದಕ್ಕೆ ಇವತ್ತಿಗೂ ಎರಡು ಕತೆ ಇವೆ. ಬೆಳಿಗ್ಗೆ ಸ್ಟೇಷನ್ನು, ಮಧ್ಯಾಹ್ನ ಊರ ಮುಂದೆ ಬೈಗುಳ. ಅಲ್ಲಿಂದ ನಾಲ್ಕು ವರ್ಷ ಎರಡು ಮನೆಯವರು ಮುಖ ಕೊಟ್ಟು ಮಾತಾಡಲಿಲ್ಲ. ಮದುವೆಗೆ ಕರೆಯಲಿಲ್ಲ, ಸಾವಿಗೆ ಹೋಗಲಿಲ್ಲ. ನಾನೂ ಅವಳೂ ಬೇರೆ ಬೇರೆ ಬೆಂಚಿನಲ್ಲಿ ಕೂತೆವು. ಯಾರೂ ಹಾಗೆ ಕೂರಿ ಎಂದು ಹೇಳಿರಲಿಲ್ಲ.

ಅದೇ ವರ್ಷದ ಕೊನೆಗೆ ಮೇಲಿನ ಮಟ್ಟದಲ್ಲೂ ಇದೇ ನಡೆಯಿತು. ತಮಿಳುನಾಡು 30 ಟಿಎಂಸಿ (ಒಂದು ಟಿಎಂಸಿ ಅಂದರೆ ನೂರು ಕೋಟಿ ಘನ ಅಡಿ) ನೀರು ಕೇಳಿತು, ಕಾವೇರಿ ನೀರು ಹಂಚಲು ನೇಮಿಸಿದ್ದ ನ್ಯಾಯಮಂಡಳಿ 11 ಅಂದಿತು, ಕೊನೆಗೆ ಪ್ರಧಾನಿ ಪಿ.ವಿ. ನರಸಿಂಹರಾವ್ 6 ಟಿಎಂಸಿ ಬಿಡಿ ಅಂದರು. ಜಗಲಿಯ ಮೇಲೆ ರೇಡಿಯೊ ಸುತ್ತ ಕೂತಿದ್ದ ದೊಡ್ಡವರು ಸಿಟ್ಟಿನಲ್ಲಿ ಕುದಿಯುತ್ತಿದ್ದರು. ಕೊನೆಯ ಗದ್ದೆಯವನು ಯಾಕೆ ರಾತ್ರಿ ಬಂದ ಎಂದು ನಮ್ಮ ಮನೆಯಲ್ಲಿ ಯಾರೂ ಯೋಚಿಸದ ಹಾಗೆಯೇ, ಕೊನೆಯ ರಾಜ್ಯದವನು ಯಾಕೆ ಕೋರ್ಟಿಗೆ ಹೋದ ಎಂದೂ ಅಲ್ಲಿ ಯಾರೂ ಯೋಚಿಸಲಿಲ್ಲ. ಇದನ್ನು ದೂರಾಗಿ ಹೇಳುತ್ತಿಲ್ಲ. ಗದ್ದೆ ಒಣಗುತ್ತಿರುವಾಗ ಯಾರಿಗೂ ಬೇರೆಯವರ ಕಡೆಯಿಂದ ಯೋಚಿಸುವ ತ್ರಾಣ ಇರುವುದಿಲ್ಲ.

ನಮ್ಮೂರಿನ ಜಗಳ ಮುಗಿದದ್ದು 1999ರಲ್ಲಿ. ಮಾವನ ತಾಯಿ ತೀರಿಕೊಂಡರು. ತಾತನ ಕಾಲದಿಂದ ಗದ್ದೆಗಳಿಗೆ ನೀರು ಹಂಚುವ ನೀರುಗಂಟಿಯಾಗಿದ್ದ ಒಬ್ಬ ಮುದುಕ, ಹಲ್ಲೆಲ್ಲ ಉದುರಿದ್ದವು, ತಿಥಿ ಕಳೆದ ಮಾರನೇ ದಿನ ಇಬ್ಬರನ್ನೂ ನಮ್ಮ ಜಗಲಿಗೆ ಕರೆತಂದು ಕೂರಿಸಿದ. ಪಂಚಾಯ್ತಿ ಮಾಡಲಿಲ್ಲ. ಯಾರದು ತಪ್ಪು ಎಂದು ಕೇಳಲಿಲ್ಲ. "ಆವತ್ತು ನಿಂಗೆ ಏನು ಬೇಕಾಗಿತ್ತಪ್ಪ?" ಎಂದು ಮಾವನನ್ನು ಕೇಳಿದ. ಮಾವ ಬಹಳ ಹೊತ್ತು ಸುಮ್ಮನಿದ್ದರು.

"ಒಂದ್ ರಾತ್ರಿ ನೀರಿಗೆ ನಾನು ಸಾಯ್ತಿರ್ನಿಲ್ಲ ಕಣಜ್ಜ. ಮೇಲಿನೋರು ಎಲ್ಲಾ ಕಟ್ಕೊಂಡ ಮ್ಯಾಲೆ ನನ್ನ ಸರದಿ ಯಾವತ್ತು ಅಂತ ಯಾರೂ ಹೇಳ್ನಿಲ್ಲ. ಇವತ್ತು ಬತ್ತದೆ, ನಾಳೆ ಬತ್ತದೆ ಅಂತ ಹದಿನೈದ್ ದಿನ ಬದುನ ಮ್ಯಾಲೆ ಮಲಗಿದ್ದೆ."

ಆಮೇಲೆ ಮುದುಕ ದೊಡ್ಡಪ್ಪನ ಕಡೆ ತಿರುಗಿದ. ದೊಡ್ಡಪ್ಪ ನೆಲ ನೋಡುತ್ತಾ ಹೇಳಿದರು: "ನೀರು ತಗೊಂಡಿದ್ದಕ್ಕೆ ನಂಗೆ ಬ್ಯಾಸರಿಲ್ಲ. ಬಂದು ಒಂದ್ ಮಾತು ಕೇಳ್ಬೇಕಿತ್ತು. ನಾನೇ ಬಿಡ್ತಿದ್ದೆ. ನನ್ನ ಗದ್ದೇಲಿ ನಾನೇ ಇಲ್ದಂಗೆ ಮಾಡ್ಬುಟ್ಟ."

ಬಾಗಿಲ ಹಿಂದೆ ನಿಂತು ಕೇಳುತ್ತಿದ್ದ ನನಗೆ ಇಬ್ಬರಲ್ಲಿ ಒಬ್ಬರೂ 'ನನಗೆ ಇಷ್ಟು ನೀರು ಬೇಕಾಗಿತ್ತು' ಎಂದು ಹೇಳಲಿಲ್ಲವಲ್ಲ ಎಂಬುದು ಹೊಳೆದದ್ದು ಎಷ್ಟೋ ವರ್ಷಗಳ ನಂತರ. ಒಬ್ಬರಿಗೆ ಬೇಕಾಗಿದ್ದುದು ಭರವಸೆ, ಯಾವತ್ತು ಬರುತ್ತದೆ ಎಂಬ ಒಂದು ಗ್ಯಾರಂಟಿ. ಇನ್ನೊಬ್ಬರಿಗೆ ಮರ್ಯಾದೆ. ಅವತ್ತು ಆದ ತೀರ್ಮಾನ ಇಷ್ಟು: ಒಂದು ಕಟ್ಟಿನಲ್ಲಿ ಮೇಲಿನವರು ಮೊದಲು, ಮುಂದಿನ ಕಟ್ಟಿನಲ್ಲಿ ಕೊನೆಯವರು ಮೊದಲು. ಯಾರೇ ಮಡೆ ತಿರುಗಿಸಲಿ, ತಿರುಗಿಸುವ ಮುಂಚೆ ಇನ್ನೊಬ್ಬರ ಮನೆ ಬಾಗಿಲಿಗೆ ಹೋಗಿ ಕೂಗಿ ಹೇಳಬೇಕು. ಕಾಲುವೆಗೆ ಒಂದು ಹನಿ ನೀರೂ ಹೆಚ್ಚಾಗಿ ಬರಲಿಲ್ಲ. ಆದರೂ 2002ರಲ್ಲಿ, 2003ರಲ್ಲಿ ಅದಕ್ಕಿಂತ ಕೆಟ್ಟ ಬರ ಬಂದಾಗ ಆ ಕಾಲುವೆಯ ಮೇಲೆ ಹೊಡೆದಾಟ ಆಗಲಿಲ್ಲ.

ಮುಂದೆ ಕಾಲೇಜಿನಲ್ಲಿ ಓದುವಾಗ ಜಾನ್ ಬರ್ಟನ್ ಎಂಬವರ ವಿಚಾರ ಕಣ್ಣಿಗೆ ಬಿತ್ತು. ಆಸ್ಟ್ರೇಲಿಯಾದವರು. ಅಲ್ಲಿನ ವಿದೇಶಾಂಗ ಇಲಾಖೆಯ ಕಾರ್ಯದರ್ಶಿಯಾಗಿದ್ದು ಆಮೇಲೆ ಲಂಡನ್ನಿನಲ್ಲಿ ಪಾಠ ಹೇಳಿದವರು. 1960ರ ದಶಕದ ಮಧ್ಯದಲ್ಲಿ ಇಂಡೊನೇಷ್ಯಾಕ್ಕೂ ಮಲೇಷ್ಯಾಕ್ಕೂ ಕದನ ನಡೆಯುತ್ತಿದ್ದಾಗ, ಇಂಡೊನೇಷ್ಯಾ, ಮಲೇಷ್ಯಾ, ಸಿಂಗಪುರದ ಕಡೆಯವರನ್ನು ಲಂಡನ್ನಿನಲ್ಲಿ ಸದ್ದಿಲ್ಲದೆ ಒಂದು ಕೋಣೆಯಲ್ಲಿ ಕೂರಿಸಿ ಮಾತಾಡಿಸಿದರು. ಚೌಕಾಸಿ ಮಾಡಿಸಲಿಲ್ಲ. ಒಬ್ಬರ ಭಯ ಇನ್ನೊಬ್ಬರಿಗೆ ಕಾಣುವ ಹಾಗೆ ಮಾಡಲು ನೋಡಿದರು. ಅವರು ಕಂಡುಕೊಂಡದ್ದು ಇದು: ಜಮೀನು, ಹಣ, ನೀರು, ಗಡಿ, ಇಂಥವುಗಳ ಮೇಲೆ ಮನುಷ್ಯ ಚೌಕಾಸಿ ಮಾಡುತ್ತಾನೆ. ಆದರೆ ಸುರಕ್ಷತೆ, ತನ್ನತನ, ನಾಲ್ಕು ಜನ ತನ್ನನ್ನು ಮನುಷ್ಯ ಎಂದು ಗುರುತಿಸುವುದು, ಇವುಗಳ ಮೇಲೆ ಯಾರೂ ಚೌಕಾಸಿಗೆ ಇಳಿಯುವುದಿಲ್ಲ. ಇಳಿಸಲು ಹೋದರೆ ಎಷ್ಟು ಬಲ ಹಾಕಿದರೂ ತಲೆ ಎತ್ತುತ್ತಲೇ ಇರುತ್ತಾನೆ. ಓದಿದಾಗ ನನಗೆ ನೆನಪಾದದ್ದು ಹಲ್ಲಿಲ್ಲದ ನೀರುಗಂಟಿ.

ಚಿಲಿ ದೇಶದ ಅರ್ಥಶಾಸ್ತ್ರಜ್ಞ ಮ್ಯಾನ್‌ಫ್ರೆಡ್ ಮ್ಯಾಕ್ಸ್-ನೀಫ್ ಇನ್ನೊಂದು ಹೆಜ್ಜೆ ಮುಂದೆ ಹೋದರು. ಮನುಷ್ಯನ ಮೂಲ ಅಗತ್ಯಗಳು ಕೆಲವೇ ಕೆಲವು ಎಂದರು: ಬದುಕು, ರಕ್ಷಣೆ, ಪ್ರೀತಿ, ತಿಳಿವು, ಪಾಲ್ಗೊಳ್ಳುವುದು, ವಿರಾಮ, ಸೃಷ್ಟಿ, ಗುರುತು, ಸ್ವಾತಂತ್ರ್ಯ. ಒಂಬತ್ತು. ಎಲ್ಲ ಕಾಲಕ್ಕೂ ಎಲ್ಲ ಜನಕ್ಕೂ ಇವೇ. ಬದಲಾಗುವುದು ಅವುಗಳನ್ನು ಪೂರೈಸಿಕೊಳ್ಳುವ ದಾರಿ ಮಾತ್ರ. ಈ ವ್ಯತ್ಯಾಸ ನನಗೆ ಬಹಳ ದೊಡ್ಡದಾಗಿ ಕಾಣುತ್ತದೆ. ಏಕೆಂದರೆ ಜಗಳವೆಲ್ಲ ದಾರಿಯ ಮೇಲೆ ನಡೆಯುತ್ತದೆ, ಅಗತ್ಯದ ಮೇಲೆ ಅಲ್ಲ. ನನಗೆ ರಕ್ಷಣೆ ಬೇಕು, ನಿನಗೂ ಬೇಕು, ಇದರಲ್ಲಿ ಜಗಳವಿಲ್ಲ. ಈ ಮಡೆ ಈ ರಾತ್ರಿ ನನ್ನ ಕಡೆಗೇ ತಿರುಗಿದ್ದರೆ ಮಾತ್ರ ನನಗೆ ರಕ್ಷಣೆ ಎಂದು ಇಬ್ಬರೂ ಹಟ ಹಿಡಿದಾಗ ಸನಿಕೆ ಮೇಲೇಳುತ್ತದೆ. ಇನ್ನೂ ಒಂದು ಮಾತಿದೆ. ನೀರು ಹಂಚಿದರೆ ಕಡಿಮೆಯಾಗುತ್ತದೆ. ಮರ್ಯಾದೆ ಹಂಚಿದರೆ ಕಡಿಮೆಯಾಗುವುದಿಲ್ಲ. ದೊಡ್ಡಪ್ಪನ ಬಾಗಿಲಿಗೆ ಬಂದು ಕೂಗಿದ್ದರಿಂದ ಮಾವನ ಕೈಯಿಂದ ಏನೂ ಹೋಗಲಿಲ್ಲ.

ಈಗ ಕಾವೇರಿಯ ಲೆಕ್ಕವನ್ನು ಈ ಕಣ್ಣಿನಿಂದ ನೋಡಿ.

1892ರಲ್ಲಿ ಮೈಸೂರಿಗೂ ಮದ್ರಾಸಿಗೂ ಮೊದಲ ಒಪ್ಪಂದ ಆಯಿತು. ಒಂದು ಕಡೆ ಒಡೆಯರ ಸಂಸ್ಥಾನ, ಇನ್ನೊಂದು ಕಡೆ ಬ್ರಿಟಿಷರೇ ಆಳುವ ಪ್ರಾಂತ. ಮೈಸೂರು ಹೊಸ ಜಲಾಶಯ ಕಟ್ಟಬೇಕಾದರೆ ಮದ್ರಾಸಿನ ಒಪ್ಪಿಗೆ ಬೇಕು ಎಂಬುದು ಅದರ ಸಾರ. 1911ರಲ್ಲಿ ಕನ್ನಂಬಾಡಿ ಕಟ್ಟೆಯ, ಅಂದರೆ ಇಂದಿನ ಕೆಆರ್‌ಎಸ್‌ನ ಕೆಲಸ ಶುರುವಾದಾಗ ತಕರಾರು ಎದ್ದು, 1914ರಲ್ಲಿ ಮಧ್ಯಸ್ಥಿಕೆಯ ತೀರ್ಪು ಬಂದು, ಅದರ ಮೇಲೆ ಮದ್ರಾಸು ಅಪೀಲು ಹೋಗಿ, ಕೊನೆಗೆ 1924ರಲ್ಲಿ ಇನ್ನೊಂದು ಒಪ್ಪಂದ. ಈ ಕಡೆ ಕೆಆರ್‌ಎಸ್, ಆ ಕಡೆ ಮೆಟ್ಟೂರು. 1934ರಲ್ಲಿ ಮುಗಿದ ಮೆಟ್ಟೂರು 93 ಟಿಎಂಸಿಗೂ ಹೆಚ್ಚು ಹಿಡಿಯುತ್ತದೆ, ನಮ್ಮ ಕೆಆರ್‌ಎಸ್ 49ರ ಆಸುಪಾಸು. ನನ್ನ ಬಯಲಿನಲ್ಲಿ ಈ ಎರಡು ಸಂಖ್ಯೆಗಳು ಗೊತ್ತಿಲ್ಲದ ಮುದುಕರಿಲ್ಲ. ಅವರು ಹೇಳುವಾಗ ದನಿ ಗಮನಿಸಿದರೆ ತಿಳಿಯುತ್ತದೆ, ಅದು ನೀರಿನ ಲೆಕ್ಕದ ದನಿಯೇ ಅಲ್ಲ. ನಮ್ಮ ಕೊಡಗಿನಲ್ಲಿ ಹುಟ್ಟಿದ ಹೊಳೆ, ನಮ್ಮ ಮನೆ ಮುಂದೆ ಹರಿಯುವ ಹೊಳೆ, ಅದಕ್ಕೆ ಕಟ್ಟೆ ಕಟ್ಟಲು ಬೇರೆಯವರ ಅಪ್ಪಣೆ ಕೇಳಬೇಕಾಯಿತಲ್ಲ ಎಂಬ ನೋವಿನ ದನಿ. ದೊಡ್ಡಪ್ಪನ ಮಾತೇ ಇಲ್ಲೂ ಇದೆ: ನನ್ನ ಗದ್ದೇಲಿ ನಾನೇ ಇಲ್ದಂಗೆ.

ಆ ಕಡೆಯ ದನಿ ಬೇರೆ. ಅವರ ಕಲ್ಲಣೈ ಅಣೆಕಟ್ಟು ಕರಿಕಾಲ ಚೋಳನ ಕಾಲದ್ದು. ನಿಮ್ಮ ಕಟ್ಟೆಗೆ ನೂರು ವರ್ಷ, ನಮ್ಮ ಗದ್ದೆಗೆ ಸಾವಿರಾರು ವರ್ಷ ಎಂಬುದು ಅವರ ಮಾತು. ಜೂನ್ 12ಕ್ಕೆ ಮೆಟ್ಟೂರು ತೆರೆಯುವುದು ಅವರ ವಾಡಿಕೆ. ತೆರೆದರೆ ಮೊದಲ ಭತ್ತದ ಬೆಳೆ ಕುರುವೈ, ತೆರೆಯದಿದ್ದರೆ ಮುಂದಿನ ಸಾಂಬಾ ಬೆಳೆಗೆ ಕಾಯಬೇಕು. ಈ ಕಡೆ ಮಳೆ ಬರುವುದು ಜೂನ್‌ನಿಂದ ಸೆಪ್ಟೆಂಬರ್‌ವರೆಗೆ, ಅವರ ದೊಡ್ಡ ಮಳೆ ಅಕ್ಟೋಬರ್ ದಾಟಿದ ಮೇಲೆ. ಅಂದರೆ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಅವರು ನಮ್ಮ ಆಕಾಶದ ಕಡೆ ಕತ್ತೆತ್ತಿ ಕೂತಿರಬೇಕು. ಯಾರ ಬದುಕು ಬೇರೆಯವರ ಆಕಾಶವನ್ನು, ಬೇರೆಯವರ ತೂಬನ್ನು ನಂಬಿಕೊಂಡಿರುತ್ತದೋ ಅವರಿಗೆ ರಾತ್ರಿ ನಿದ್ದೆ ಬರುವುದಿಲ್ಲ. ಮಾವ ಹದಿನೈದು ದಿನ ಬದುವಿನ ಮೇಲೆ ಮಲಗಿದ್ದು ಇದೇ.

1974ಕ್ಕೆ 1924ರ ಒಪ್ಪಂದದ ಐವತ್ತು ವರ್ಷದ ಅವಧಿ ಮುಗಿಯಿತು. 1990ರ ಜೂನ್‌ನಲ್ಲಿ ನ್ಯಾಯಮಂಡಳಿ ಬಂತು. 1991ರ ಜೂನ್ 25ರ ಮಧ್ಯಂತರ ಆದೇಶ ತಮಿಳುನಾಡಿಗೆ ವರ್ಷಕ್ಕೆ 205 ಟಿಎಂಸಿ ಅಂದಿತು, ಜೊತೆಗೆ ಕರ್ನಾಟಕ ನೀರಾವರಿ ಪ್ರದೇಶವನ್ನು 11.2 ಲಕ್ಷ ಎಕರೆಗಿಂತ ಹೆಚ್ಚಿಸಬಾರದು ಅಂದಿತು. ನನಗನ್ನಿಸುವಂತೆ 205ಕ್ಕಿಂತ ಹೆಚ್ಚು ಚುಚ್ಚಿದ್ದು ಈ ಎರಡನೇ ಸಾಲು. ನೀನು ಇನ್ನು ಬೆಳೆಯಬೇಡ ಎಂದು ಒಬ್ಬ ರೈತನಿಗೆ ಹೇಳಿದ ಹಾಗೆ. ಡಿಸೆಂಬರ್‌ನಲ್ಲಿ ಬೆಂಗಳೂರು, ಮೈಸೂರು ಹೊತ್ತಿ ಉರಿದವು. ಜನ ಸತ್ತರು. ಸಾವಿರಾರು ತಮಿಳರು ಮಕ್ಕಳು ಮರಿ ಕಟ್ಟಿಕೊಂಡು ಊರು ಬಿಟ್ಟರು. ಆ ಕಡೆ ಕನ್ನಡಿಗರ ಮೇಲೂ ಹಲ್ಲೆಗಳಾದವು. ಸತ್ತವರಲ್ಲಿ, ಓಡಿಹೋದವರಲ್ಲಿ ಮೆಟ್ಟೂರಿನ ಕೀಲಿ ಹಿಡಿದವರು ಯಾರೂ ಇರಲಿಲ್ಲ. ಕೂಲಿ ಮಾಡುವವರು, ಗಾರೆ ಕೆಲಸದವರು. ನಮ್ಮವರು ಮಾಡಿದ್ದು ಮಹಾ ಅನ್ಯಾಯ. ಅದನ್ನು ಬೇರೆ ಯಾವ ಮಾತಿನಲ್ಲೂ ಹೇಳಲು ನನಗೆ ಬರುವುದಿಲ್ಲ.

2007ರ ಅಂತಿಮ ತೀರ್ಪಿನಲ್ಲಿ, ಗಡಿಯಲ್ಲಿ ನೀರು ಅಳೆಯುವ ಬಿಳಿಗುಂಡ್ಲುವಿನಲ್ಲಿ ಕೊಡಬೇಕಾದ ನೀರು 192 ಟಿಎಂಸಿಗೆ ಇಳಿಯಿತು. 2018ರ ಫೆಬ್ರವರಿ 16ರಂದು ಸುಪ್ರೀಂ ಕೋರ್ಟ್ ಅದನ್ನು 177.25ಕ್ಕೆ ಇಳಿಸಿತು. 205, 192, 177.25. ನಮ್ಮ ಕಡೆಯಿಂದ ನೋಡಿದರೆ ಸಂಖ್ಯೆ ಇಳಿಯುತ್ತಲೇ ಬಂದಿದೆ. ಸಿಟ್ಟು ಅದೇ ಪ್ರಮಾಣದಲ್ಲಿ ಇಳಿಯಿತೇ? 2016ರಲ್ಲೂ ಬೆಂಕಿ, 2023ರಲ್ಲೂ ಬಂದ್. ಜಗಳ ಬರೀ ನೀರಿನದೇ ಆಗಿದ್ದರೆ ಹೀಗಾಗಬಾರದಿತ್ತು.

2016ರ ಬೆಂಕಿಯನ್ನು ನಾನು ಹತ್ತಿರದಿಂದ ನೋಡಿದೆ. ಸೆಪ್ಟೆಂಬರ್ 5, ಗಣೇಶನ ಹಬ್ಬದ ದಿನ, ಹತ್ತು ದಿನ 15,000 ಕ್ಯೂಸೆಕ್‌ನಂತೆ (ಕ್ಯೂಸೆಕ್ ಅಂದರೆ ಸೆಕೆಂಡಿಗೆ ಒಂದು ಘನ ಅಡಿ) ಬಿಡಿ ಎಂಬ ಸುಪ್ರೀಂ ಕೋರ್ಟಿನ ಆದೇಶ ಬಂತು. 12ರಂದು ಅದು 12,000 ಆಯಿತು, ದಿನಗಳು ಹೆಚ್ಚಾದವು. ಮಧ್ಯಾಹ್ನದ ಹೊತ್ತಿಗೆ ಬೆಂಗಳೂರಿನ ಶಾಲೆಗಳು ಮಕ್ಕಳನ್ನು ಮನೆಗೆ ಕಳಿಸತೊಡಗಿದವು. ಸಂಜೆ ತಮಿಳುನಾಡು ಮೂಲದ ಬಸ್ಸುಗಳು ಡಿಪೊದಲ್ಲೇ ಸಾಲುಸಾಲಾಗಿ ಉರಿದವು. 16 ಠಾಣೆಗಳ ವ್ಯಾಪ್ತಿಯಲ್ಲಿ ಕರ್ಫ್ಯೂ.

ನಾವಿದ್ದ ಬಾಡಿಗೆ ಮನೆಯ ಮೇಲಿನ ಮಹಡಿಯಲ್ಲಿ ಒಬ್ಬ ನಿವೃತ್ತರು ಇದ್ದರು. ತಿರುವಾರೂರು ಕಡೆಯವರು, ಬೆಂಗಳೂರಿಗೆ ಬಂದು ಮೂವತ್ತು ವರ್ಷ ದಾಟಿತ್ತು. ಹಬ್ಬಕ್ಕೆ ಬಂದ ಮಗನ ಕಾರು ರಸ್ತೆಯಲ್ಲಿ ನಿಂತಿತ್ತು, ನಂಬರ್ ಪ್ಲೇಟು ತಮಿಳುನಾಡಿನದು. ಸಂಜೆ ಐದೂವರೆಗೆ ಅವರು ಕೆಳಗಿಳಿದು ಬಂದು ಬಾಗಿಲ ಹತ್ತಿರ ನಿಂತರು. ಒಳಗೆ ಬನ್ನಿ ಅಂದರೂ ಬರಲಿಲ್ಲ. "ಏನಮ್ಮ, ಕಾರನ್ನ ಕಾಂಪೌಂಡ್ ಒಳಗೆ ನಿಮ್ಮ ಜಾಗದಲ್ಲಿ ನಿಲ್ಲಿಸ್ಕೊಳ್ಳಾ? ನಿಮಗೆ ತೊಂದರೆ ಆಗೋದಾದ್ರೆ ಬೇಡ" ಅಂದರು. ನಾವು ಗಾಡಿ ತೆಗೆದು ಜಾಗ ಮಾಡಿದೆವು. ಮಗ ಕಾರು ಒಳಗೆ ತಂದ. ಅವರ ಹೆಂಡತಿ ಮೇಲಿಂದ ಒಂದು ಹಳೆಯ ಜಮಖಾನ ತಂದು ಕಾರಿನ ಹಿಂಭಾಗಕ್ಕೆ ಹೊದಿಸಿದರು. ಪ್ಲೇಟು ಮುಚ್ಚುವ ಹಾಗೆ ಅದರ ಅಂಚನ್ನು ಎಳೆದು, ಇಟ್ಟಿಗೆ ಇಟ್ಟರು. ಕೈ ನಡುಗುತ್ತಿತ್ತು. ಆ ಜಮಖಾನದ ಮೇಲೆ ನಮ್ಮ ಮಕ್ಕಳೂ ಅವರ ಮೊಮ್ಮಕ್ಕಳೂ ಟೆರೇಸಿನಲ್ಲಿ ಎಷ್ಟೋ ಸಲ ಕೂತು ಆಡಿದ್ದರು.

ಅವತ್ತು ರಾತ್ರಿ ಎಲ್ಲರೂ ನಮ್ಮ ಮನೆಯಲ್ಲೇ ಕೂತೆವು. ಟೀವಿ ಹಾಕಿ ದನಿ ತಗ್ಗಿಸಿದ್ದೆವು. ಬಹಳ ಹೊತ್ತಾದ ಮೇಲೆ ಅವರು, "ನಮ್ಮ ತಮ್ಮ ಊರಲ್ಲಿ ಗದ್ದೆ ಮಾಡ್ತಾನೆ. ದಿನಾ ಬೆಳಿಗ್ಗೆ ಪೇಪರ್ ತೆಗೆದ್ರೆ ಮೊದಲು ಮೆಟ್ಟೂರು ಎಷ್ಟು ಅಡಿ ಅಂತ ನೋಡ್ತಾನೆ. 120 ಅಡಿ ಫುಲ್ಲು. ಕಡಿಮೆ ಇದ್ರೆ ಅವತ್ತು ಯಾರ ಜೊತೇನೂ ಮಾತಿಲ್ಲ" ಅಂದರು.

ನನಗೆ ಉತ್ತರ ಕೊಡಲು ಆಗಲಿಲ್ಲ. ಎದ್ದು ಹೋಗಿ ಅಪ್ಪನಿಗೆ ಫೋನ್ ಮಾಡಿದೆ. ಅಪ್ಪ ಎತ್ತಿದ ಕೂಡಲೇ ಹೇಳಿದ್ದು, "ಕಟ್ಟೆ ಇಳೀತಾ ಐತೆ ಕಣವ್ವ. ನಮ್ಗೆ ಬುಡ್ತಾರೋ ಇಲ್ವೋ." ಅವರ ದನಿಯಲ್ಲಿದ್ದುದು ಸಿಟ್ಟೋ ಹೆದರಿಕೆಯೋ ಎಂದು ಅದಕ್ಕೆ ಮುಂಚೆ ನಾನು ಒಮ್ಮೆಯೂ ವಿಂಗಡಿಸಿ ಕೇಳಿಸಿಕೊಂಡಿರಲಿಲ್ಲ. ಅವತ್ತು ಕೇಳಿಸಿತು.

ಈ ಇಬ್ಬರು ಎದುರು ಬದುರು ಕೂತರೆ ಏನಾಗುತ್ತದೆ ಎಂಬುದಕ್ಕೆ ಉದಾಹರಣೆ ಇಲ್ಲದೇ ಇಲ್ಲ. 2002ರ ಬರದಲ್ಲಿ ಎರಡೂ ಕಡೆ ಸಿಟ್ಟೇರಿದ ಮೇಲೆ, 2003ರಲ್ಲಿ ಚೆನ್ನೈನ ಮದ್ರಾಸ್ ಇನ್‌ಸ್ಟಿಟ್ಯೂಟ್ ಆಫ್ ಡೆವಲಪ್‌ಮೆಂಟ್ ಸ್ಟಡೀಸ್‌ನ ಎಸ್. ಜನಕರಾಜನ್ ಅವರ ಪ್ರಯತ್ನದಿಂದ ಎರಡು ರಾಜ್ಯದ ರೈತರು ಒಂದೆಡೆ ಸೇರಿ 'ಕಾವೇರಿ ಕುಟುಂಬ' ಕಟ್ಟಿಕೊಂಡರು. ತಮಿಳುನಾಡಿನ ಕಾವೇರಿ ಡೆಲ್ಟಾದ ಕಡೆಯಿಂದ ಮನ್ನಾರ್‌ಗುಡಿಯ ಎಸ್. ರಂಗನಾಥನ್, ನಮ್ಮ ಕಡೆಯಿಂದ ರೈತ ಸಂಘದ ಕೆ.ಎಸ್. ಪುಟ್ಟಣ್ಣಯ್ಯ ಅದರಲ್ಲಿದ್ದರು. ಇಲ್ಲಿಯವರು ಅಲ್ಲಿಗೆ ಹೋದರು, ಅಲ್ಲಿಯವರು ಇಲ್ಲಿಗೆ ಬಂದರು. ಒಬ್ಬರ ಒಣಗಿದ ಗದ್ದೆಯ ಬಿರುಕಿನಲ್ಲಿ ಇನ್ನೊಬ್ಬರು ಕೈಯಿಟ್ಟು ನೋಡಿದರೆ ಏನಾಗುತ್ತದೆ ಎಂದು ರೈತರಿಗೆ ವಿವರಿಸಬೇಕಾಗಿಲ್ಲ. ಇವರು ಮೋಸ ಮಾಡುತ್ತಿದ್ದಾರೆ, ಇವರ ಹತ್ತಿರ ನೀರಿದೆ, ಬಚ್ಚಿಟ್ಟಿದ್ದಾರೆ ಎಂಬ ಅನುಮಾನಕ್ಕೆ ಆ ಬಿರುಕೇ ಉತ್ತರ. ನಮ್ಮ ದೊಡ್ಡಪ್ಪ ಆ ಸುದ್ದಿಯನ್ನು ಪೇಪರಿನಲ್ಲಿ ಓದಿ, "ಬಂದು ನೋಡಿದ್ರಂತೆ ಕಣಯ್ಯ" ಎಂದು ಅಪ್ಪನಿಗೆ ಎರಡು ಸಲ ಹೇಳಿದರು.

ಕಾವೇರಿ ಕುಟುಂಬದ ಮಾತಿಗೆ ಕಾನೂನಿನ ಬಲ ಇರಲಿಲ್ಲ. ಅದನ್ನು ಎರಡು ಸರ್ಕಾರಗಳೂ ಎದೆಗೆ ಹಚ್ಚಿಕೊಂಡು ಮುಂದಕ್ಕೆ ಒಯ್ದಿದ್ದರೆ ಎಂದು ನನಗೆ ಇವತ್ತಿಗೂ ಸಂಕಟವಾಗುತ್ತದೆ. ಜಗಳ ಉಳಿದರೆ ಲಾಭ ಮಾಡಿಕೊಳ್ಳುವವರು ಎರಡೂ ಕಡೆ ಇದ್ದಾರೆ. ಅಗತ್ಯಗಳ ಬಗ್ಗೆ ಎಷ್ಟು ಒಳ್ಳೆಯ ಮಾತಾಡಿದರೂ ಈ ಸತ್ಯವನ್ನು ಮರೆತರೆ ಮಾತು ಟೊಳ್ಳು. ಪುಟ್ಟಣ್ಣಯ್ಯನವರು 2018ರ ಫೆಬ್ರವರಿ 18ರ ರಾತ್ರಿ ಕಬಡ್ಡಿ ನೋಡುತ್ತಾ ಕುಸಿದು ತೀರಿಕೊಂಡರು. ಸುಪ್ರೀಂ ಕೋರ್ಟಿನ ತೀರ್ಪು ಬಂದು ಎರಡೇ ದಿನವಾಗಿತ್ತು.

ಆ ತೀರ್ಪಿನಲ್ಲಿ ನನಗೆ ಒಳ್ಳೆಯದೆಂದು ಕಾಣುವ ಒಂದೆರಡು ವಿಷಯಗಳಿವೆ. ನದಿ ಯಾವ ಒಂದು ರಾಜ್ಯದ ಸ್ವತ್ತೂ ಅಲ್ಲ ಅಂದಿತು. ಕುಡಿಯುವ ನೀರನ್ನು ಎಲ್ಲದಕ್ಕಿಂತ ಮೇಲಿಟ್ಟು ಬೆಂಗಳೂರಿಗೆಂದು 4.75 ಟಿಎಂಸಿ ಹೆಚ್ಚಿಗೆ ಕೊಟ್ಟಿತು. ಆ ಬೆಂಗಳೂರಿನಲ್ಲಿ ತಮಿಳರೂ ಇದ್ದಾರೆ, ನಲ್ಲಿ ತಿರುಗಿಸಿದರೆ ಇಬ್ಬರ ಬಿಂದಿಗೆಗೂ ಮಳವಳ್ಳಿ ತಾಲ್ಲೂಕಿನ ತೊರೆಕಾಡನಹಳ್ಳಿಯಿಂದ ಬಂದ ಅದೇ ನೀರು. ಜೊತೆಗೆ ತಿಂಗಳ ಲೆಕ್ಕ: ಜೂನ್‌ಗೆ 9.19, ಜುಲೈಗೆ 31.24, ಆಗಸ್ಟ್‌ಗೆ 45.95, ಸೆಪ್ಟೆಂಬರ್‌ಗೆ 36.76. ಕೂಡಿದರೆ ನಾಲ್ಕೇ ತಿಂಗಳಲ್ಲಿ 123 ಟಿಎಂಸಿ ದಾಟುತ್ತದೆ. ಎಷ್ಟು ಎಂಬುದರಷ್ಟೇ ಮುಖ್ಯ ಯಾವಾಗ ಎಂದು ಈ ಪಟ್ಟಿ ಒಪ್ಪಿಕೊಂಡಂತಿದೆ. ಮಾವ ಕೇಳಿದ್ದೂ ಯಾವತ್ತು ಎಂದೇ.

ಆದರೆ ಈ ಪಟ್ಟಿ ಮಳೆ ಸರಿಯಾಗಿ ಬಂದ ವರ್ಷದ್ದು. ಮಳೆ ಕೈಕೊಟ್ಟರೆ ಪಾಲನ್ನು ಅದೇ ಪ್ರಮಾಣದಲ್ಲಿ ಕಡಿತ ಮಾಡಬೇಕು ಎಂಬ ಒಂದು ಮಾತು ನ್ಯಾಯಮಂಡಳಿಯ ತೀರ್ಪಿನಲ್ಲಿದೆ. ಸಂಕಷ್ಟ ಎಂದು ಯಾವ ದಿನ, ಯಾರು, ಯಾವ ಅಳತೆಯಲ್ಲಿ ಹೇಳಬೇಕು? ಮೊದಲು ಯಾರ ಬೆಳೆ, ಆಮೇಲೆ ಯಾರದು? ಎರಡೂ ಕಡೆಯ ರೈತರು ಒಪ್ಪಿದ ಸಂಕಷ್ಟ ಸೂತ್ರ ಅಂತ ಒಂದು ಇಲ್ಲ. 2023ರ ಆಗಸ್ಟ್, ಸೆಪ್ಟೆಂಬರ್‌ನಲ್ಲಿ ಕಾವೇರಿ ನೀರು ನಿರ್ವಹಣಾ ಪ್ರಾಧಿಕಾರ ಹದಿನೈದು ದಿನಕ್ಕೊಮ್ಮೆ ಇಷ್ಟು ಸಾವಿರ ಕ್ಯೂಸೆಕ್ ಎಂದು ಹೇಳುತ್ತಾ ಹೋದಾಗ, ನಮ್ಮಪ್ಪನೂ ತಿರುವಾರೂರಿನ ಆ ತಮ್ಮನೂ ಒಂದೇ ರೀತಿ ಹದಿನೈದು ದಿನಕ್ಕೊಮ್ಮೆ ಸತ್ತು ಬದುಕಿದರು. ನಮ್ಮ ಕಾಲುವೆಯ ತೀರ್ಮಾನ ಗಟ್ಟಿಯಾಗಿ ನಿಂತದ್ದು ಬರದ ವರ್ಷಕ್ಕೆಂದೇ ಅದನ್ನು ಮಾಡಿದ್ದರಿಂದ, ಅದೂ ಬರ ಇಲ್ಲದ ವರ್ಷದಲ್ಲಿ ಕೂತು ಮಾಡಿದ್ದರಿಂದ. ಹೊಟ್ಟೆ ತುಂಬಿದಾಗ ಮನುಷ್ಯನಿಗೆ ಇನ್ನೊಬ್ಬರ ಹಸಿವಿನ ಬಗ್ಗೆ ಮಾತಾಡುವ ತ್ರಾಣ ಇರುತ್ತದೆ. 1991, 1995, 2002, 2016, 2023, ಪ್ರತಿ ಸಲವೂ ನಾವು ಮಾತಿಗೆ ಕೂತದ್ದು ಗಂಟಲು ಒಣಗಿದ ಮೇಲೆ.

ಇನ್ನೂ ಒಂದು ಕಡೆ ನನ್ನ ಮನಸ್ಸು ಹೋಗುತ್ತದೆ. ಈ ಇಡೀ ಲೆಕ್ಕದಲ್ಲಿ ಹೆಸರೇ ಬಾರದವರು ಇದ್ದಾರೆ. ನಮ್ಮದೇ ಜಿಲ್ಲೆಯ ನಾಗಮಂಗಲದ ಕಡೆಯ ಒಣಭೂಮಿಯವರು. ನಮ್ಮ ಗದ್ದೆಗೆ ನಾಟಿಗೆ ಬರುವ ಹೆಣ್ಣಾಳುಗಳು, ನೀರು ನಿಂತರೆ ಅವರ ಕೂಲಿಯೂ ನಿಂತಂತೆ. ಡೆಲ್ಟಾದಲ್ಲೂ ಇಂಥವರೇ ಸಾಲುಗಟ್ಟಿ ನಾಟಿ ಹಾಕುತ್ತಾರೆ. ಪಾಲ್ಗೊಳ್ಳುವುದೂ ಒಂದು ಮೂಲ ಅಗತ್ಯ ಎಂದು ಮ್ಯಾಕ್ಸ್-ನೀಫ್ ಹೇಳಿದ್ದು ನೆನಪಾದಾಗೆಲ್ಲ ಈ ಹೆಂಗಸರ ಕೆಸರುಗಾಲು ಕಣ್ಣ ಮುಂದೆ ಬರುತ್ತದೆ. 1999ರ ನಮ್ಮ ಜಗಲಿಯ ಮೇಲೂ ಅವರು ಇರಲಿಲ್ಲ. ನಾನೇ ಬಾಗಿಲ ಹಿಂದಿದ್ದೆ.

2025ರ ಜೂನ್ ಕೊನೆಗೆ ಕೆಆರ್‌ಎಸ್ ತುಂಬಿತು. ಜೂನ್‌ನಲ್ಲೇ ತುಂಬಿದ್ದು ಕಟ್ಟೆಯ ಇತಿಹಾಸದಲ್ಲೇ ಮೊದಲ ಸಲ. 30ನೇ ತಾರೀಕು ಮುಖ್ಯಮಂತ್ರಿ ಸಿದ್ದರಾಮಯ್ಯ ಬಾಗಿನ ಬಿಟ್ಟರು. ಮೊರದಲ್ಲಿ ಅರಿಶಿನ, ಕುಂಕುಮ, ಬಳೆ, ಬಿಚ್ಚೋಲೆ. ಆಡಿ ತಿಂಗಳ ಹದಿನೆಂಟಕ್ಕೆ ಆ ಕಡೆಯ ಹೆಂಗಸರು ಹೊಳೆ ದಂಡೆಗೆ ಹೋಗಿ ಅರಿಶಿನದ ದಾರ ಕಟ್ಟಿಕೊಂಡು, ಚಿತ್ರಾನ್ನ ಎಡೆಯಿಟ್ಟು, ತುಂಬಿದ ಕಾವೇರಿಗೆ ಕೈಮುಗಿಯುತ್ತಾರೆ. ಬಸುರಿ ತಾಯಿಗೆ ಮಾಡುವ ಉಪಚಾರ ಅದು ಎಂದು ಮೇಲಿನ ಮನೆಯ ಅಮ್ಮ ಒಮ್ಮೆ ನನಗೆ ಹೇಳಿದ್ದರು.

ಆ ವಾರ ನಾನು ಊರಿನಲ್ಲಿದ್ದೆ. ಅಪ್ಪ ಪೇಪರ್ ಬಿಡಿಸಿ 124.80 ಎಂಬುದನ್ನು ಬೆರಳಿಟ್ಟು ತೋರಿಸಿದರು. "ಈಗ ಎರಡು ಕಡೆಯವರೂ ಕೂತು ಸಂಕಷ್ಟ ಸೂತ್ರದ ಮಾತಾಡಬೇಕಲ್ಲಪ್ಪ, ಈಗಲೇ" ಅಂದೆ. "ತುಂಬಿದಾಗ ಯಾರಿಗೆ ಗ್ಯಾನ ಬತ್ತದವ್ವ" ಅಂದರು. ಅಷ್ಟರಲ್ಲಿ ಬೆಂಗಳೂರಿನಿಂದ ಫೋನು. ನಾವು ಆ ಬಾಡಿಗೆ ಮನೆ ಬಿಟ್ಟು ವರ್ಷಗಳಾದವು, ಆದರೂ ಮೇಲಿನ ಮನೆಯ ಆ ನಿವೃತ್ತರು ತಿಂಗಳಿಗೊಮ್ಮೆ ಮಾಡುತ್ತಾರೆ.

"ಮೆಟ್ಟೂರು ತುಂಬಿತಮ್ಮ. ತಮ್ಮ ಖುಷಿಯಾಗಿದ್ದಾನೆ. ನಿಮ್ಮ ತಂದೆ ಕಡೆ ಒಟ್ಲು ಬಿಟ್ಟಾಯ್ತಾ ಅಂತ ಕೇಳ್ತಿದ್ದಾನೆ."

ಫೋನು ಕಿವಿಯಲ್ಲಿಟ್ಟುಕೊಂಡೇ ಅಪ್ಪನಿಗೆ ಹೇಳಿದೆ. ಅಪ್ಪ ಕನ್ನಡಕ ಹಣೆಯಿಂದ ಇಳಿಸಿದರು.

"ಇನ್ನೊಂದ್ ವಾರಕ್ಕೆ ಬುಡ್ತೀವಿ ಅನ್ನು. ಅವರ್ದು ಕುರುವೈ ನಾಟಿ ಮುಗೀತಾ, ಆಳು ಸಿಕ್ಕಿದ್ರಾ, ಅದ ಕೇಳು."